ಉಲ್ಲನ್ ಕುರಿಮರಿ ಕಲಿಸುವ ಹೆರಿಗೆ ಪಾಠ



ಕಳೆದ ಮಳೆಗಾಲದ ಒಂದು ರಾತ್ರಿ ಸೊರಬ ತಾಲ್ಲೂಕಿನ ಒಂದು ಹಳ್ಳಿಯಿಂದ ಫೋನ್ ಬಂತು. "ಡಾಕ್ಟ್ರೇ, ಮಣಕ ಕರು ಹಾಕ್ತಾ ಇದೆ. ಕಾಲು ಬಂದಿದೆ, ಕರು ಬರ್ತಾ ಇಲ್ಲ." ನಾನು ಆಗ ಶಿಕಾರಿಪುರದ ಕಡೆ ಇನ್ನೊಂದು ಚಿಕಿತ್ಸೆಯಲ್ಲಿದ್ದೆ. "ಮುಗಿಸಿ ಬರ್ತೇನೆ" ಎಂದು ಫೋನ್ ಇಟ್ಟೆ. ಎಷ್ಟು ಕಾಲು ಬಂದಿದೆ, ಮುಂಗಾಲೋ ಹಿಂಗಾಲೋ, ಮೂತಿ ಕಾಣುತ್ತಿದೆಯೋ ಇಲ್ಲವೋ ಎಂದು ಕೇಳಲಿಲ್ಲ. ಎಳೆಯಬೇಡಿ ಎಂದೂ ಹೇಳಲಿಲ್ಲ. ಅದು ನನ್ನ ತಪ್ಪು.

ನಾನು ತಲುಪುವಷ್ಟರಲ್ಲಿ ಒಂದೂವರೆ ಗಂಟೆ ಕಳೆದಿತ್ತು. ಐದು ಜನ ಸೇರಿ ಹಗ್ಗ ಕಟ್ಟಿ ಎಳೆದಿದ್ದರು. ಎರಡೂ ಮುಂಗಾಲು ಹೊರಗಿದ್ದವು. ಕೈ ಹಾಕಿ ನೋಡಿದರೆ ಕರುವಿನ ತಲೆ ಪಕ್ಕೆಯ ಕಡೆಗೆ ಹಿಂದಕ್ಕೆ ತಿರುಗಿತ್ತು. ಎಳೆದಷ್ಟೂ ತಲೆ ಇನ್ನಷ್ಟು ಒಳಕ್ಕೆ ಮಡಿಚಿಕೊಂಡಿತ್ತು. ಕರು ಸತ್ತಿತ್ತು. ಮಣಕದ ಸೊಂಟದ ನರಕ್ಕೆ ಪೆಟ್ಟಾಗಿ ಅದು ಮತ್ತೆ ಎದ್ದು ನಿಲ್ಲಲಿಲ್ಲ. ಎರಡು ವರ್ಷ ಹುಲ್ಲು, ಹಿಂಡಿ ಹಾಕಿ ಸಾಕಿದ್ದ ಮಣಕ ಅದು.

ಆ ಮನೆಯ ತಾಯಿ ನನ್ನನ್ನು ಕೇಳಿದ್ದು ಒಂದೇ ಮಾತು: "ಕಾಲು ಕಂಡಿತ್ತಲ್ರೀ. ಕಂಡಿದ್ದನ್ನ ಎಳೆಯೋದು ತಪ್ಪಾ?"

ನಾನು ಬಾಯಿಮಾತಿನಲ್ಲಿ ವಿವರಿಸಿದೆ. ಅವರಿಗೆ ಅರ್ಥವಾಗಲಿಲ್ಲ ಎಂದು ಅವರ ಮುಖ ನೋಡಿಯೇ ತಿಳಿಯಿತು. ನಮ್ಮ ಕೈ ಒಳಗೆ ಮುಟ್ಟಿ ನೋಡಿದ್ದು ನಿಮ್ಮ ಕಣ್ಣಿಗೆ ಕಾಣುವುದಿಲ್ಲವಲ್ಲ.

ಕೆಲವು ತಿಂಗಳ ನಂತರ ಶಿಕಾರಿಪುರ ತಾಲ್ಲೂಕಿನ ಒಂದು ಮಹಿಳಾ ಸಂಘದ ಸಭೆಯಲ್ಲಿ ಸದಸ್ಯೆಯೊಬ್ಬರ ಮಗಳು ಶಾಲೆಗೆಂದು ತಂತಿ ಮತ್ತು ಉಲ್ಲನ್ ದಾರದಲ್ಲಿ ಮಾಡಿದ ಕುರಿಮರಿಯನ್ನು ಹಿಡಿದು ಕೂತಿದ್ದಳು. ಕಾಲು, ಕತ್ತು ಬೇಕಾದ ಹಾಗೆ ಬಾಗುತ್ತಿತ್ತು. ಅದನ್ನು ಕೇಳಿ ಪಡೆದು, ಒಬ್ಬರ ಕೈಬಳೆಯೊಳಗೆ ತೂರಿಸಿ ತೋರಿಸಿದೆ. ಮೂತಿ ಮುಂದಿದ್ದರೆ ಕುರಿಮರಿ ಬಳೆಯಿಂದ ಸಲೀಸಾಗಿ ಆಚೆ ಬಂತು. ಕತ್ತನ್ನು ಹಿಂದಕ್ಕೆ ತಿರುಗಿಸಿ ಎರಡು ಕಾಲು ಹಿಡಿದು ಎಳೆದರೆ ಬರಲೇ ಇಲ್ಲ. "ಓ, ಇದಕ್ಕಾ!" ಎಂದರು ಹಿರಿಯರೊಬ್ಬರು. ಅರ್ಧ ಗಂಟೆಯ ಭಾಷಣ ಮಾಡದ ಕೆಲಸವನ್ನು ಆ ಕುರಿಮರಿ ಒಂದು ನಿಮಿಷದಲ್ಲಿ ಮಾಡಿತ್ತು.

ಅಂದಿನಿಂದ ಅಂಥ ಒಂದು ಆಟಿಕೆ ನನ್ನ ಔಷಧಿ ಚೀಲದಲ್ಲೇ ಇರುತ್ತದೆ. ಈ ಲೇಖನದಲ್ಲಿ ಅದನ್ನು ಮಾಡುವ ಬಗೆ ಮತ್ತು ಅದರಿಂದ ಕಲಿಯಬೇಕಾದ ಪಾಠ ಎರಡನ್ನೂ ಕೊಟ್ಟಿದ್ದೇನೆ. ನಿಮ್ಮ ಸಂಘದ ಮುಂದಿನ ಸಭೆಗೆ ಮೊದಲು ಒಂದು ಮಾಡಿ ಇಟ್ಟುಕೊಳ್ಳಿ. ಬೊಂಬೆ ಮಾಡುವುದು ನಮ್ಮ ಕಡೆಯ ಕೈಗಳಿಗೆ ಹೊಸದಲ್ಲ. ಸೊರಬದ ಗುಡಿಗಾರರು ಗಂಧದ ಮರದಲ್ಲಿ ಕೆತ್ತುತ್ತಾರೆ. ಪಕ್ಕದ ಹಾವೇರಿ ಸೀಮೆಯಲ್ಲಿ ಮಣ್ಣೆತ್ತಿನ ಅಮಾವಾಸ್ಯೆಗೆ ಮಣ್ಣಿನ ಎತ್ತು ಮಾಡಿ ಪೂಜಿಸುತ್ತಾರೆ. ಬಾಗಿಲಿಗೆ ಉಲ್ಲನ್ ತೋರಣ ಕಟ್ಟುವವರು ನಿಮ್ಮಲ್ಲೇ ಎಷ್ಟೋ ಜನ ಇದ್ದೀರಿ.

ಬೇಕಾಗುವ ಸಾಮಾನು

• 16 ಗೇಜಿನ ಜಿ.ಐ. ತಂತಿ, 4 ಅಡಿ. ಕೈಯಲ್ಲಿ ಬಾಗಬೇಕು, ಬಾಗಿಸಿದಂತೆ ನಿಲ್ಲಬೇಕು. ಬೇಲಿಯ ಗಡಸು ತಂತಿ ಬೇಡ.
• ಉಲ್ಲನ್ ದಾರ: ಬಿಳಿ ಅಥವಾ ಕಂದು ಒಂದು ಉಂಡೆ, ಕಪ್ಪು ಸ್ವಲ್ಪ, ಕೆಂಪು ಒಂದು ಗೇಣು.
• ಹಳೆಯ ಹತ್ತಿ ಸೀರೆಯಿಂದ ಹರಿದ ಒಂದು ಇಂಚು ಅಗಲದ ಪಟ್ಟಿಗಳು.
• ಮಕ್ಕಳ ಹಳೆಯ ಸ್ವೆಟರ್ ಒಂದು.
• ಲೋಹದ ಬಳೆ ಒಂದು, 2-8 ಅಳತೆಯದು. ಗಾಜಿನ ಬಳೆ ಒಡೆಯುತ್ತದೆ, ಬೇಡ.
• ಇಕ್ಕಳ, ಸೂಜಿ, ದಾರ.

ಕುರಿಮರಿ ಮಾಡುವ ಕ್ರಮ

1. ತಂತಿಯನ್ನು 16 ಇಂಚಿನ ಮೂರು ತುಂಡು ಮಾಡಿ.

2. ಮೊದಲ ತುಂಡು ಬೆನ್ನು. ಒಂದು ತುದಿಯ 4 ಇಂಚನ್ನು ಉದ್ದನೆಯ ಕುಣಿಕೆ ಮಾಡಿ ತಿರುಚಿ; ಅದು ತಲೆ. ಮುಂದಿನ 3 ಇಂಚು ಕತ್ತು, ಅದರ ಮುಂದಿನ 6 ಇಂಚು ಬೆನ್ನು, ಉಳಿದದ್ದು ಬಾಲ. ಬಾಲದ ತುದಿಯನ್ನು ಚುಚ್ಚದಂತೆ ಒಳಕ್ಕೆ ಸುರುಳಿ ಸುತ್ತಿ.

3. ಎರಡನೇ ತುಂಡಿನ ನಡುಭಾಗವನ್ನು ಕತ್ತು ಮತ್ತು ಬೆನ್ನು ಸೇರುವಲ್ಲಿ ಎರಡು ಸುತ್ತು ಬಿಗಿಯಾಗಿ ಸುತ್ತಿ ಎರಡೂ ತುದಿಗಳನ್ನು ಕೆಳಕ್ಕೆ ಬಿಡಿ. ಇವು ಮುಂಗಾಲು. ಮೂರನೇ ತುಂಡನ್ನು ಬಾಲದ ಬುಡದಲ್ಲಿ ಹಾಗೆಯೇ ಸುತ್ತಿ, ಇವು ಹಿಂಗಾಲು. ಪ್ರತಿ ಕಾಲಿನ ತುದಿಯ 2 ಇಂಚನ್ನು ಮೇಲಕ್ಕೆ ಮಡಿಚಿ ತಿರುಚಿದರೆ ಗೊರಸಾಯಿತು, ಸುಮಾರು 5 ಇಂಚಿನ ಕಾಲು ಉಳಿಯಿತು.

4. ಈಗ ಕಾಲಿನ ಗಂಟುಗಳನ್ನು ಬಾಗಿಸಬೇಕು. ಇದು ಮುಖ್ಯ, ಅವಸರ ಬೇಡ. ಮುಂಗಾಲಿನಲ್ಲಿ ಗೊರಸಿನ ಮೇಲಿನ ಗಂಟು ಮತ್ತು ಮಂಡಿ ಎರಡೂ ಹಿಂದಕ್ಕೇ ಮಡಿಚುತ್ತವೆ, ಅಂದರೆ ಒಂದೇ ದಿಕ್ಕಿಗೆ. ಹಿಂಗಾಲಿನಲ್ಲಿ ಗೊರಸಿನ ಮೇಲಿನ ಗಂಟು ಹಿಂದಕ್ಕೆ ಮಡಿಚುತ್ತದೆ, ಅದರ ಮೇಲಿನ ಚೂಪಾದ ಗಂಟು ಮುಂದಕ್ಕೆ ಮಡಿಚುತ್ತದೆ, ಅಂದರೆ ವಿರುದ್ಧ ದಿಕ್ಕಿಗೆ. ಅನುಮಾನ ಬಂದರೆ ನಿಮ್ಮ ಕೊಟ್ಟಿಗೆಗೆ ಹೋಗಿ ಕರುವಿನ ಕಾಲನ್ನು ಮೆಲ್ಲಗೆ ಮಡಿಚಿ ನೋಡಿ ಬನ್ನಿ.

5. ಬೆನ್ನಿನ ತಂತಿಗೆ ಸೀರೆಯ ಪಟ್ಟಿ ಸುತ್ತುತ್ತಾ ಹೋಗಿ ಮೈಯನ್ನು 2 ಇಂಚು ದಪ್ಪ ಮಾಡಿ. ತಲೆಯನ್ನು ಒಂದು ಇಂಚಿಗಿಂತ ಸ್ವಲ್ಪ ಹೆಚ್ಚು ದಪ್ಪ ಮಾಡಿ. ಕಾಲಿಗೆ ಒಂದೇ ಸುತ್ತು ಸಾಕು. ನಡುವೆ ನಡುವೆ ಸೂಜಿಯಿಂದ ಹೊಲಿಗೆ ಹಾಕಿದರೆ ಜಾರುವುದಿಲ್ಲ.

6. ಮೇಲೆ ಉಲ್ಲನ್ ದಾರವನ್ನು ಒತ್ತೊತ್ತಾಗಿ ಸುತ್ತಿ. ಗೊರಸಿಗೆ ಕಪ್ಪು ದಾರ. ನಾಲ್ಕೂ ಗೊರಸಿನ ಅಂಗಾಲಿನ ಕಡೆ ಕೆಂಪು ದಾರದಲ್ಲಿ ಎರಡು ಹೊಲಿಗೆ ಹಾಕಿ. ಅಂಗಾಲು ಮೇಲಿದೆಯೋ ಕೆಳಗಿದೆಯೋ ಎಂದು ಇದರಿಂದ ತಿಳಿಯುತ್ತದೆ. ಕಣ್ಣು, ಕಿವಿ ನಿಮ್ಮ ಇಷ್ಟ.

ಮಕ್ಕಳ ಆಟಕ್ಕೆ ಮಾಡುವ ಕುರಿಗೆ ದಾರದ ಕುಣಿಕೆ ಬಿಟ್ಟು ಉಣ್ಣೆಯ ಹಾಗೆ ಉಬ್ಬಿಸಬಹುದು. ಪಾಠದ ಕುರಿಗೆ ಬೇಡ, ಬಳೆಯಲ್ಲಿ ಸಿಕ್ಕಿಕೊಳ್ಳುತ್ತದೆ. ಹಾಗೆ ನುಣ್ಣಗೆ ಸುತ್ತಿದ ಮೇಲೆ ಅದು ಕುರಿಮರಿಗಿಂತ ಹೆಚ್ಚಾಗಿ ಕರುವಿನ ಹಾಗೇ ಕಾಣುತ್ತದೆ. ನಮಗೆ ಬೇಕಾದದ್ದೂ ಅದೇ.

ಗರ್ಭಕೋಶ ಮಾಡುವ ಕ್ರಮ

ಸ್ವೆಟರಿನ ಕುತ್ತಿಗೆ ಮತ್ತು ಒಂದು ತೋಳನ್ನು ಹೊಲಿದು ಮುಚ್ಚಿ. ಉಳಿದ ತೋಳು ಕರು ಬರುವ ದಾರಿ. ತೋಳು ಮೈಗೆ ಸೇರುವ ಜಾಗದಲ್ಲಿ ಬಳೆಯನ್ನು ಒಳಗಿಟ್ಟು ಸುತ್ತಲೂ ಹೊಲಿಯಿರಿ. ಸ್ವೆಟರಿನ ಕೆಳಭಾಗದಿಂದ ಕುರಿಮರಿಯನ್ನು ಒಳಗಿಟ್ಟು ದಾರದಿಂದ ಕಟ್ಟಿ.

ಸ್ವೆಟರಿನ ಮೈ ಗರ್ಭಕೋಶ, ಅದು ಹಿಗ್ಗುತ್ತದೆ. ತೋಳು ಯೋನಿಮಾರ್ಗ, ಅದೂ ಹಿಗ್ಗುತ್ತದೆ. ಬಳೆ ಮಾತ್ರ ಸೊಂಟದ ಮೂಳೆ. ಅದು ಹಿಗ್ಗುವುದಿಲ್ಲ. ಐದು ಜನ ಎಳೆದರೂ, ಹತ್ತು ಜನ ಎಳೆದರೂ ಮೂಳೆ ಮೂಳೆಯೇ. ಈ ಪಾಠದ ಸಾರ ಇಷ್ಟೇ: ಕರು ಆ ಬಳೆಯೊಳಗೆ ತೂರುವ ಭಂಗಿಯಲ್ಲಿ ಇದ್ದರೆ ಬರುತ್ತದೆ, ಇಲ್ಲದಿದ್ದರೆ ಮೊದಲು ಭಂಗಿ ಸರಿಪಡಿಸಬೇಕು, ಆಮೇಲೆ ಎಳೆಯುವ ಮಾತು.

ಒಂದು ಎಚ್ಚರಿಕೆ: ಈ ಕೆಲಸವನ್ನು ಕೊಟ್ಟಿಗೆಯಲ್ಲಿ ಅಥವಾ ಹುಲ್ಲಿನ ಬಣವೆಯ ಹತ್ತಿರ ಕೂತು ಮಾಡಬೇಡಿ. ಮನೆಯ ಜಗುಲಿಯ ಮೇಲೆ ಹಳೆಯ ಪೇಪರ್ ಹಾಸಿ ಮಾಡಿ, ಮುಗಿದ ಮೇಲೆ ತಂತಿಯ ಚೂರುಗಳನ್ನು ಎಣಿಸಿ ಎತ್ತಿಡಿ. ದನ ಮೇವನ್ನು ನಾಲಿಗೆಯಿಂದ ಸುತ್ತಿ ಸೆಳೆದು ನುಂಗುತ್ತದೆ, ಆರಿಸಿ ತಿನ್ನುವುದಿಲ್ಲ. ಮೇವಿನ ಜೊತೆ ಹೋದ ತಂತಿ ಎರಡನೇ ಹೊಟ್ಟೆಯಲ್ಲಿ ನಿಲ್ಲುತ್ತದೆ. ಆ ಹೊಟ್ಟೆಯ ಮುಂದೆಯೇ ಹೃದಯ ಇರುವುದು. ತಂತಿ ಚುಚ್ಚಿಕೊಂಡು ಹೃದಯದ ಪೊರೆಯವರೆಗೆ ಹೋದರೆ ಹಸು ಉಳಿಯುವುದು ಕಷ್ಟ. ಗಬ್ಬದ ಕೊನೆಯ ದಿನಗಳಲ್ಲಿ ಗರ್ಭಕೋಶ ಮುಂದಕ್ಕೆ ಒತ್ತುವುದರಿಂದ ಈ ಅಪಾಯ ಇನ್ನೂ ಹೆಚ್ಚು. ದಾರದ ತುಂಡು, ಪ್ಲಾಸ್ಟಿಕ್ ಕೂಡ ಹೊಟ್ಟೆಯಲ್ಲಿ ಉಂಡೆಯಾಗುತ್ತವೆ.

ಮೊದಲ ಪಾಠ: ಸರಿಯಾದ ಹೆರಿಗೆ

ಕುರಿಮರಿಯ ಬೆನ್ನು ಮೇಲೆ, ಎರಡು ಮುಂಗಾಲು ಮುಂದಕ್ಕೆ ನೀಡಿ, ಅವುಗಳ ಮೇಲೆ ಮೂತಿ ಇಟ್ಟು, ತೋಳಿನ ಕಡೆಗೆ ಮುಖ ಮಾಡಿ ಇಡಿ. ನೀರಿಗೆ ಧುಮುಕುವವರು ಕೈ ಮುಂದೆ ಮಾಡಿ ತಲೆ ನಡುವೆ ಇಟ್ಟ ಹಾಗೆ. ಈಗ ಸ್ವೆಟರನ್ನು ಹಿಂದಿನಿಂದ ಒತ್ತಿದರೆ ಮೊದಲು ಎರಡು ಗೊರಸು, ಆಮೇಲೆ ಮೂತಿ, ಹಣೆ, ಭುಜ, ಎದೆ ಒಂದರ ಹಿಂದೆ ಒಂದು ಬಳೆ ದಾಟುತ್ತವೆ. ಗೊರಸಿನ ಕೆಂಪು ಹೊಲಿಗೆ ಕೆಳಗಡೆ ಇರುತ್ತದೆ. ಇದೇ ಸಹಜ ಹೆರಿಗೆ. ಬಹುಪಾಲು ಕರುಗಳು ಹೀಗೆಯೇ, ಯಾರ ಸಹಾಯವೂ ಇಲ್ಲದೆ ಹುಟ್ಟುತ್ತವೆ.

ಹಸುವಿನ ಗಬ್ಬದ ಅವಧಿ ಸುಮಾರು 280 ದಿನ, ಎಮ್ಮೆಯದು ಸುಮಾರು 310 ದಿನ. ಹೆರಿಗೆ ಹತ್ತಿರವಾದಾಗ ಕೆಚ್ಚಲು ತುಂಬುತ್ತದೆ, ಬಾಲದ ಬುಡದ ಎರಡೂ ಕಡೆ ಗುಳಿ ಬೀಳುತ್ತದೆ, ಲೋಳೆ ಸೋರುತ್ತದೆ. ಮೊದಲ ಹಂತದಲ್ಲಿ ಹಸು ಎದ್ದು ಕೂತು ಮಾಡುತ್ತದೆ, ಮೇವು ಬಿಡುತ್ತದೆ. ಇದು 2ರಿಂದ 6 ಗಂಟೆ, ಮಣಕಗಳಲ್ಲಿ 12 ಗಂಟೆಯವರೆಗೂ ಇರಬಹುದು. ಈ ಹೊತ್ತಿನಲ್ಲಿ ಗರ್ಭಕೋಶದ ಬಾಯಿ ಬಿಚ್ಚಿಕೊಳ್ಳುತ್ತಿರುತ್ತದೆ. ಹಸುವನ್ನು ಅದರ ಪಾಡಿಗೆ ಬಿಡಿ. ಸುತ್ತ ಜನ ಸೇರಬೇಡಿ. ಎರಡನೇ ಹಂತದಲ್ಲಿ ನೀರ್ಚೀಲ ಕಾಣಿಸುತ್ತದೆ, ಹಸು ಜೋರಾಗಿ ತಿಣುಕುತ್ತದೆ, ಕರು ಹೊರಬರುತ್ತದೆ.

ಗಡಿಯಾರದ ಲೆಕ್ಕ ಇಲ್ಲಿಂದ ಶುರು. ನೀರ್ಚೀಲ ಕಂಡು ಒಂದು ಗಂಟೆಯಾದರೂ ಎರಡು ಗೊರಸು ಮತ್ತು ಮೂತಿ ಕಾಣದಿದ್ದರೆ ಫೋನ್ ಮಾಡಿ. ಜೋರಾಗಿ ತಿಣುಕಲು ಆರಂಭಿಸಿ ಅರ್ಧ ಗಂಟೆಯಾದರೂ ಏನೂ ಮುಂದುವರಿಯದಿದ್ದರೆ ಫೋನ್ ಮಾಡಿ. ಬೆಳಗಾಗಲಿ ನೋಡೋಣ ಎನ್ನಬೇಡಿ.

ಎರಡನೇ ಪಾಠ: ದಾರಿ ತಪ್ಪಿದ ಐದು ಭಂಗಿಗಳು

ಈಗ ಒಬ್ಬರು ಕುರಿಮರಿಯನ್ನು ಒಳಗಿಟ್ಟು ಭಂಗಿ ಮಾಡಲಿ. ಇನ್ನೊಬ್ಬರು ನೋಡದೆ, ತೋಳಿನಲ್ಲಿ ಬೆರಳು ಹಾಕಿ ಏನು ಸಿಕ್ಕಿತು ಎಂದು ಹೇಳಲಿ.

ಒಂದು, ತಲೆ ಹಿಂದಕ್ಕೆ ತಿರುಗಿದ್ದು. ಎರಡು ಮುಂಗಾಲು ಹೊರಗೆ ಬಂದಿವೆ, ಮಂಡಿಯವರೆಗೂ ಕಾಣುತ್ತಿವೆ, ಆದರೆ ಮೂತಿ ಇಲ್ಲ. ನಾನು ಮೊದಲು ಹೇಳಿದ ಮಣಕದ್ದು ಇದೇ. ಕುರಿಮರಿಯ ಕತ್ತನ್ನು ಪಕ್ಕೆಗೆ ಮಡಿಚಿಟ್ಟು ಕಾಲು ಎಳೆದು ನೋಡಿ. ಮೈಯ ದಪ್ಪಕ್ಕೆ ತಲೆಯ ದಪ್ಪ ಸೇರಿ ಬಳೆಗೆ ಸಿಕ್ಕಿಕೊಳ್ಳುತ್ತದೆ. ಎಳೆಯುವುದು ಬಿಟ್ಟು ಕರುವನ್ನು ಒಳಕ್ಕೆ ತಳ್ಳಿದರೆ ಮಾತ್ರ ತಲೆ ತಿರುಗಿಸಲು ಜಾಗ ಸಿಗುತ್ತದೆ. ವೈದ್ಯರು ಬಂದ ತಕ್ಷಣ ಕರುವನ್ನು ಒಳಕ್ಕೆ ತಳ್ಳುವುದು ನೋಡಿ "ಅಯ್ಯೋ, ಬಂದದ್ದನ್ನೂ ಒಳಗೆ ಹಾಕ್ತಾರಲ್ಲ" ಎನ್ನುವವರಿದ್ದಾರೆ. ಕಾರಣ ಈಗ ತಿಳಿಯಿತು.

ಎರಡು, ಒಂದು ಕಾಲು ಹಿಂದೆ ಉಳಿದದ್ದು. ಮೂತಿ ಇದೆ, ಒಂದು ಗೊರಸು ಇದೆ, ಇನ್ನೊಂದು ಇಲ್ಲ. ಆ ಕಾಲಿನ ಮಂಡಿ ಮಡಿಚಿ ಬಳೆಯ ಅಂಚಿಗೆ ತಾಗಿ ನಿಂತಿರುತ್ತದೆ. ಕಂಡ ಒಂದೇ ಕಾಲನ್ನು ಎಳೆದರೆ ಭುಜ ಸಿಕ್ಕಿಕೊಳ್ಳುತ್ತದೆ, ಹೊರಬಂದ ತಲೆ ಊದಿಕೊಳ್ಳುತ್ತದೆ.

ಮೂರು, ಹಿಂಗಾಲು ಮೊದಲು ಬಂದದ್ದು. ಎರಡು ಗೊರಸು ಕಾಣುತ್ತಿವೆ, ಆದರೆ ಕೆಂಪು ಹೊಲಿಗೆ ಮೇಲಕ್ಕೆ ಇದೆ. ಅಂಗಾಲು ಮೇಲಿದ್ದರೆ ಹೆಚ್ಚಿನ ಸಲ ಅದು ಹಿಂಗಾಲು. ಮಗುಚಿ ಬಿದ್ದ ಕರುವಿನ ಮುಂಗಾಲೂ ಹೀಗೆ ಕಾಣಬಹುದು. ಆಗ ಗಂಟುಗಳ ಲೆಕ್ಕ ನೋಡಬೇಕು. ಗಂಟೆರಡೂ ಒಂದೇ ದಿಕ್ಕಿಗೆ ಮಡಿಚಿದರೆ ಮುಂಗಾಲು, ವಿರುದ್ಧ ದಿಕ್ಕಿಗೆ ಮಡಿಚಿದರೆ ಹಿಂಗಾಲು. ಹಿಂಗಾಲು ಮೊದಲು ಬಂದ ಕರು ಬದುಕಿ ಬರಬಲ್ಲದು, ಆದರೆ ಸಮಯ ಕಡಿಮೆ. ಸೊಂಟ ಹೊರಬರುವ ಹೊತ್ತಿಗೆ ಹೊಕ್ಕುಳ ಬಳ್ಳಿ ಮೂಳೆಗೆ ಸಿಕ್ಕಿ ಒತ್ತಿಹೋಗುತ್ತದೆ, ತಲೆ ಇನ್ನೂ ಒಳಗೆ ನೀರಿನಲ್ಲೇ ಇರುತ್ತದೆ. ಆದ್ದರಿಂದ ಅಂಗಾಲು ಮೇಲೆ ಕಂಡ ಕೂಡಲೇ, ಗಂಟೆ ನೋಡದೆ, ಫೋನ್ ಮಾಡಿ.

ನಾಲ್ಕು, ಬಾಲ ಮಾತ್ರ ಬಂದದ್ದು. ಕುರಿಮರಿಯನ್ನು ಹಿಂದುಮುಂದಾಗಿಸಿ, ಹಿಂಗಾಲು ಎರಡನ್ನೂ ಹೊಟ್ಟೆಯ ಕೆಳಗೆ ಮಡಿಚಿಡಿ. ಬೆರಳಿಗೆ ಸಿಗುವುದು ಬಾಲ ಮತ್ತು ಪೃಷ್ಠ ಅಷ್ಟೇ. ಇದು ಮೋಸದ ಭಂಗಿ. ಕಾಲಾಗಲಿ ತಲೆಯಾಗಲಿ ದಾರಿಗೆ ಬರದಿರುವುದರಿಂದ ಹಸು ಜೋರಾಗಿ ತಿಣುಕುವುದೂ ಇಲ್ಲ. ಮನೆಯವರು "ಇನ್ನೂ ಬೇನೆ ಬಂದಿಲ್ಲ" ಎಂದು ಒಂದು ಹಗಲು ಕಾಯುತ್ತಾರೆ. ಅಷ್ಟರಲ್ಲಿ ಕರು ಹೋಗಿರುತ್ತದೆ. ಬೆಳಗ್ಗೆ ಮೇವು ಬಿಟ್ಟು ಚಡಪಡಿಸಿದ ಹಸು ಸಂಜೆಗೆ ಸುಮ್ಮನಾಗಿದ್ದರೆ ಸಮಾಧಾನಪಡಬೇಡಿ, ಅನುಮಾನಪಡಿ.

ಐದು, ಗರ್ಭಕೋಶವೇ ತಿರುಚಿದ್ದು. ಕುರಿಮರಿಯನ್ನು ಸರಿಯಾಗಿಯೇ ಇಡಿ. ಈಗ ಸ್ವೆಟರಿನ ಮೈಯನ್ನು ಅರ್ಧ ಸುತ್ತು ತಿರುಗಿಸಿ. ತೋಳು ಒದ್ದೆ ಬಟ್ಟೆ ಹಿಂಡಿದ ಹಾಗೆ ತಿರುಚಿಕೊಳ್ಳುತ್ತದೆ. ಕರು ಸರಿಯಾಗಿದೆ, ದಾರಿ ಮುಚ್ಚಿದೆ. ನೀರ್ಚೀಲವೇ ಕಾಣುವುದಿಲ್ಲ. ಹಸು ಹೊಟ್ಟೆಗೆ ಒದ್ದುಕೊಳ್ಳುತ್ತದೆ, ಬೆನ್ನು ಕಮಾನು ಮಾಡುತ್ತದೆ. ಎಮ್ಮೆಗಳಲ್ಲಿ ಇದು ಹೆಚ್ಚು. ಯಾವ ಕಡೆಗೆ ತಿರುಚಿದೆ ಎಂದು ಕೈ ಹಾಕಿ ನೋಡಿ, ಎಮ್ಮೆಯನ್ನು ಮಲಗಿಸಿ, ಹೊಟ್ಟೆಯ ಮೇಲೆ ಹಲಗೆ ಇಟ್ಟು ಅದೇ ಕಡೆಗೆ ಹೊರಳಿಸಿ ಬಿಡಿಸಬಹುದು. ಕಡೆ ತಪ್ಪಿದರೆ ಇನ್ನೂ ಬಿಗಿಯಾಗುತ್ತದೆ. ಆದ್ದರಿಂದ ವೈದ್ಯರಿಲ್ಲದೆ ಹೊರಳಿಸಬಾರದು.

ಆಡು, ಕುರಿ ಸಾಕುವವರಿಗೂ ಪಾಠ ಇದೇ. ಅವುಗಳ ಗಬ್ಬದ ಅವಧಿ ಸುಮಾರು 150 ದಿನ. ಅವಳಿ ಮರಿಗಳಿದ್ದರೆ ಕಂಡ ಎರಡು ಕಾಲು ಒಂದೇ ಮರಿಯದ್ದೋ, ಎರಡು ಮರಿಗಳದ್ದೋ ಎಂದು ಮೊದಲು ತಿಳಿಯಬೇಕು. ಎರಡು ಆಟಿಕೆ ಮಾಡಿ ಒಂದೇ ಸ್ವೆಟರಿನಲ್ಲಿಟ್ಟು ನೋಡಿದರೆ ಅರ್ಥವಾಗುತ್ತದೆ.

ಮೂರನೇ ಪಾಠ: ಫೋನಿನಲ್ಲಿ ಏನು ಹೇಳಬೇಕು

ಎರಡು ತಾಲ್ಲೂಕುಗಳ ಹಳ್ಳಿಗಳು ದೂರ ದೂರ. ರಾತ್ರಿ, ಮಳೆ, ಕೆಟ್ಟ ರಸ್ತೆ. ನಾವು ಬರಲು ಹೊತ್ತು ಹಿಡಿಯುತ್ತದೆ. ನೀವು ಫೋನಿನಲ್ಲಿ ಸರಿಯಾಗಿ ಹೇಳಿದರೆ ಬೇಕಾದ ಸಾಮಾನು ಹಿಡಿದು, ತುರ್ತು ಯಾವುದೆಂದು ತಿಳಿದು ಬರಬಹುದು. ಈ ಐದು ವಿಷಯ ಹೇಳಿ:

1. ಕೃತಕ ಗರ್ಭಧಾರಣೆ ಮಾಡಿಸಿದ ದಿನ, ಮತ್ತು ಇದು ಎಷ್ಟನೇ ಕರು.
2. ನೀರ್ಚೀಲ ಎಷ್ಟು ಹೊತ್ತಿಗೆ ಕಂಡಿತು, ಒಡೆದಿದೆಯೇ.
3. ಎಷ್ಟು ಗೊರಸು ಕಾಣುತ್ತಿವೆ, ಅಂಗಾಲು ಮೇಲೋ ಕೆಳಗೋ, ಮೂತಿ ಇದೆಯೇ, ಬಾಲ ಇದೆಯೇ.
4. ಹೊರಬಂದ ಗೊರಸಿನ ಸಂದಿಯಲ್ಲಿ ಮೆಲ್ಲಗೆ ಚಿವುಟಿದರೆ ಕರು ಕಾಲು ಹಿಂದಕ್ಕೆ ಎಳೆದುಕೊಳ್ಳುತ್ತದೆಯೇ. ಎಳೆದುಕೊಂಡರೆ ಬದುಕಿದೆ. ಎಳೆದುಕೊಳ್ಳದಿದ್ದರೆ ಸತ್ತಿದೆ ಎಂದು ತೀರ್ಮಾನಿಸಬೇಡಿ.
5. ಯಾರಾದರೂ ಎಳೆದಿದ್ದಾರೆಯೇ, ಕೈ ಹಾಕಿದ್ದಾರೆಯೇ, ಇಂಜೆಕ್ಷನ್ ಕೊಟ್ಟಿದ್ದಾರೆಯೇ. ಬೈಯುತ್ತಾರೆಂದು ಮುಚ್ಚಿಡಬೇಡಿ. ನಡೆದದ್ದು ಗೊತ್ತಾದರೆ ಮಾತ್ರ ಚಿಕಿತ್ಸೆ ಸರಿಯಾಗುತ್ತದೆ.

ನಿಮ್ಮ ಸಂಘದ ಕಾರ್ಯದರ್ಶಿಯವರ ಮೂಲಕ ಒಕ್ಕೂಟದ ಪಶುವೈದ್ಯರನ್ನು ಸಂಪರ್ಕಿಸಿ. ಪಶು ಸಹಾಯವಾಣಿ 1962 ಉಚಿತ ಸಂಖ್ಯೆ. ಎರಡನ್ನೂ ಕೊಟ್ಟಿಗೆಯ ಬಾಗಿಲ ಮೇಲೆ ಸುಣ್ಣದಲ್ಲೋ ಬಣ್ಣದಲ್ಲೋ ಬರೆದಿಡಿ.

ವೈದ್ಯರು ಬರುವವರೆಗೆ

ಹಸುವನ್ನು ಜಾರದ ನೆಲದಲ್ಲಿ, ಒಣ ಹುಲ್ಲು ಹಾಸಿದ ಕಡೆ ಬಿಡಿ. ಎರಡು ಬಕೆಟ್ ಬೆಚ್ಚಗಿನ ನೀರು, ಸೋಪು, ಚೊಕ್ಕ ಬಟ್ಟೆ, ಚೆನ್ನಾದ ಬೆಳಕು ಸಿದ್ಧ ಮಾಡಿ. ನೀರ್ಚೀಲವನ್ನು ನೀವಾಗಿ ಒಡೆಯಬೇಡಿ.

ಮೂತಿ ಮತ್ತು ಎರಡು ಮುಂಗಾಲು ಸರಿಯಾಗಿ ಕಾಣುತ್ತಿದ್ದು ಹಸು ದಣಿದಿದ್ದರೆ, ವೈದ್ಯರು ಫೋನಿನಲ್ಲಿ ಒಪ್ಪಿದ ಮೇಲೆ ಇಬ್ಬರು ಮಾತ್ರ, ಹಸು ತಿಣುಕಿದಾಗ ಮಾತ್ರ, ಮೆಲ್ಲಗೆ ಸೆಳೆಯಬಹುದು. ತಲೆ ಮತ್ತು ಎದೆ ಬಂದ ಮೇಲೆ ಹಸುವಿನ ಹಿಂಗಾಲಿನ ಕಡೆಗೆ, ಕೆಳಮುಖವಾಗಿ ಸೆಳೆಯಬೇಕು. ತಿಣುಕುವುದು ನಿಂತರೆ ನೀವೂ ನಿಲ್ಲಿಸಿ. ಉಳಿದ ಯಾವ ಭಂಗಿಯಲ್ಲೂ ಹಗ್ಗ ಮುಟ್ಟಬೇಡಿ.

ಅಂಗಡಿಯಿಂದ ಆಕ್ಸಿಟೋಸಿನ್ ಇಂಜೆಕ್ಷನ್ ತಂದು ಕೊಡಿಸಬೇಡಿ. ಬಳೆಗೆ ಅಡ್ಡ ಸಿಕ್ಕಿಕೊಂಡ ಕುರಿಮರಿಯನ್ನು ಹಿಂದಿನಿಂದ ಜೋರಾಗಿ ಒತ್ತಿದರೆ ಸ್ವೆಟರ್ ಹರಿಯುತ್ತದೆ. ಕರು ಅಡ್ಡ ಇದ್ದಾಗ ಆ ಔಷಧಿ ಮಾಡುವುದೂ ಅದನ್ನೇ, ಗರ್ಭಕೋಶ ಹರಿಯುತ್ತದೆ.

ಬರಿಗೈಯಲ್ಲಿ ಒಳಗೆ ಕೈ ಹಾಕುವುದಾಗಲಿ, ಕಸ (ಮಾಸು) ಎತ್ತುವುದಾಗಲಿ, ಕಂದು ಹಾಕಿದ ಕರು ಮುಟ್ಟುವುದಾಗಲಿ ಬೇಡ. ಬ್ರುಸೆಲ್ಲಾ ರೋಗ ಹಸುವಿನಿಂದ ಮನುಷ್ಯರಿಗೆ ಬರುವುದು ಹೀಗೆಯೇ. ಬಿಟ್ಟು ಬಿಟ್ಟು ಜ್ವರ, ಕೀಲುನೋವು ತಿಂಗಳುಗಟ್ಟಲೆ ಕಾಡುತ್ತದೆ. ಕೊಟ್ಟಿಗೆ ಕೆಲಸ ಹೆಚ್ಚಾಗಿ ಮಾಡುವವರು ನೀವೇ ಆದ್ದರಿಂದ ಅಪಾಯವೂ ನಿಮಗೇ ಹೆಚ್ಚು. ಗ್ಲೌಸ್ ಇಲ್ಲದಿದ್ದರೆ ತೂತಿಲ್ಲದ ಪ್ಲಾಸ್ಟಿಕ್ ಚೀಲವನ್ನಾದರೂ ಕೈಗೆ ಹಾಕಿಕೊಳ್ಳಿ. ಕಸವನ್ನು ನಾಯಿಗೆ ಸಿಗದಂತೆ ಸುಣ್ಣ ಹಾಕಿ ಆಳಕ್ಕೆ ಹೂಳಿ. 4ರಿಂದ 8 ತಿಂಗಳ ಹೆಣ್ಣು ಕರುಗಳಿಗೆ ಈ ರೋಗದ ಲಸಿಕೆ ತಪ್ಪದೆ ಹಾಕಿಸಿ.

ಕರು ಬಿದ್ದ ಮೇಲೆ

ಮೂಗು, ಬಾಯಿಯ ಲೋಳೆ ತೆಗೆಯಿರಿ. ಉಸಿರಾಡದಿದ್ದರೆ ಹುಲ್ಲಿನ ಕಡ್ಡಿಯಿಂದ ಮೂಗಿನ ಹೊಳ್ಳೆ ಕೆರಳಿಸಿ, ಎದೆಯನ್ನು ಒಣ ಗೋಣಿಯಿಂದ ಚೆನ್ನಾಗಿ ಉಜ್ಜಿ. ಹೊಕ್ಕುಳಿಗೆ ಟಿಂಚರ್ ಅಯೋಡಿನ್ ಹಚ್ಚಿ. ಒಂದು ಗಂಟೆಯೊಳಗೆ ಗಿಣ್ಣದ ಹಾಲು ಕುಡಿಸಿ, 25 ಕೆ.ಜಿ. ತೂಕದ ಕರುವಿಗೆ ಮೊದಲ ದಿನ ಒಟ್ಟು ಎರಡೂವರೆ ಲೀಟರಿಗೆ ಕಡಿಮೆಯಾಗಬಾರದು, ಎರಡು ಮೂರು ಸಲ ಹಂಚಿ ಕೊಡಿ. "ಕಸ ಬಿದ್ದ ಮೇಲೆ ಗಿಣ್ಣು" ಎನ್ನುವ ರೂಢಿ ಬಿಡಿ. ಕರುವಿಗೆ ರೋಗ ತಡೆಯುವ ಶಕ್ತಿ ಬರುವುದು ಆ ಹಾಲಿನಿಂದಲೇ. ಹೊತ್ತು ಕಳೆದಷ್ಟೂ ಅದನ್ನು ಹೀರಿಕೊಳ್ಳುವ ಶಕ್ತಿ ಕರುಳಿಗೆ ಕಡಿಮೆಯಾಗುತ್ತದೆ. ಕರು ಚೀಪಿದರೆ ಕಸ ಬೀಳಲೂ ಸಹಾಯವಾಗುತ್ತದೆ. 12 ಗಂಟೆಯಾದರೂ ಕಸ ಬೀಳದಿದ್ದರೆ ವೈದ್ಯರಿಗೆ ತಿಳಿಸಿ. ಕಲ್ಲು, ಚಪ್ಪಲಿ ಕಟ್ಟಿ ಎಳೆಯಬೇಡಿ.

ತೊಂದರೆ ಬರದಂತೆ ಮೊದಲೇ ನೋಡಿಕೊಳ್ಳುವುದು

ಬಳೆ ಚಿಕ್ಕದು, ಕುರಿಮರಿ ದೊಡ್ಡದು ಆದರೆ ಭಂಗಿ ಸರಿಯಿದ್ದರೂ ಬರುವುದಿಲ್ಲ. ಸೊರಬದ ಕಾಡಂಚಿನ ಹಳ್ಳಿಗಳ ಮಲೆನಾಡು ಗಿಡ್ಡ ಹಸುಗಳಿಗೆ ಹೆರಿಗೆ ಕಷ್ಟವಾಗುವುದು ಅಪರೂಪ. ಹಸು ಚಿಕ್ಕದು, ಕರುವೂ ಚಿಕ್ಕದು. ಅದೇ ಗಿಡ್ಡ ಹಸುವಿಗೆ ಹೆಚ್ಚು ಹಾಲಿನ ಆಸೆಯಿಂದ ಎಚ್.ಎಫ್. ವೀರ್ಯ ಕೊಡಿಸಿದರೆ ಬಳೆಗಿಂತ ದೊಡ್ಡ ಕರು ಬೆಳೆಯುತ್ತದೆ. ಮಿಶ್ರತಳಿ ಮಣಕಗಳಿಗೆ ತೂಕ ಸುಮಾರು 250 ಕೆ.ಜಿ. ಆಗುವ ಮೊದಲು ಗರ್ಭಧಾರಣೆ ಮಾಡಿಸಬೇಡಿ. ಮೈಕಟ್ಟು ಸಣ್ಣದಿದ್ದರೆ ಮೊದಲ ಕರುವಿಗೆ ಜರ್ಸಿ ವೀರ್ಯ ಕೇಳಿ. ಗರ್ಭಧಾರಣೆಯ ದಿನಾಂಕವನ್ನು ಮನೆಯ ಕ್ಯಾಲೆಂಡರಿನಲ್ಲಿ ಬರೆದಿಡಿ. ಆ ದಿನಾಂಕ ಗೊತ್ತಿದ್ದರೆ ಆ ವಾರ ರಾತ್ರಿ ಒಮ್ಮೆ ಎದ್ದು ಕೊಟ್ಟಿಗೆ ನೋಡಬಹುದು.

ಆ ಸೊರಬದ ಮನೆಗೆ ಕಳೆದ ತಿಂಗಳು ಮತ್ತೆ ಹೋಗಿದ್ದೆ. ಸ್ವೆಟರು, ಬಳೆ, ಕುರಿಮರಿ ಒಯ್ದು ಆ ತಾಯಿಯ ಕೈಗೇ ಕೊಟ್ಟೆ. ಕತ್ತು ಹಿಂದಕ್ಕೆ ಮಡಿಚಿ ಎಳೆದು ನೋಡಿದರು. ಬರಲಿಲ್ಲ. ಒಳಕ್ಕೆ ತಳ್ಳಿ, ಮೂತಿ ಸರಿಮಾಡಿ ಎಳೆದರು. ಬಂತು. ಸ್ವಲ್ಪ ಹೊತ್ತು ಸುಮ್ಮನಿದ್ದು, "ಆವತ್ತೇ ಇದು ಗೊತ್ತಿದ್ದಿದ್ರೆ" ಎಂದರು. ಈಗ ಅವರ ಇನ್ನೊಂದು ಹಸು ಏಳು ತಿಂಗಳ ಗಬ್ಬ. ಆ ಕುರಿಮರಿಯನ್ನು ಅವರಲ್ಲೇ ಬಿಟ್ಟು ಬಂದೆ. ನನಗೆ ಇನ್ನೊಂದು ಮಾಡಿಕೊಂಡಿದ್ದೇನೆ.

ನೆನಪಿಡಿ

• ಎರಡು ಗೊರಸು ಮತ್ತು ಮೂತಿ, ಅಂಗಾಲು ಕೆಳಗೆ: ಸರಿಯಾದ ಹೆರಿಗೆ.
• ಕಾಲು ಕಂಡು ಮೂತಿ ಕಾಣದಿದ್ದರೆ: ಎಳೆಯಬೇಡಿ, ಫೋನ್ ಮಾಡಿ.
• ಅಂಗಾಲು ಮೇಲೆ, ಬಾಲ ಮಾತ್ರ, ಅಥವಾ ಒಂದೇ ಕಾಲು: ತಕ್ಷಣ ಫೋನ್ ಮಾಡಿ.
• ನೀರ್ಚೀಲ ಕಂಡು 1 ಗಂಟೆ, ಜೋರಾಗಿ ತಿಣುಕಿ ಅರ್ಧ ಗಂಟೆ: ಕಾಯುವ ಮಿತಿ ಇಷ್ಟೇ.
• ಬೇನೆ ತಿಂದು ಸುಮ್ಮನಾದ ಹಸು: ಸಮಾಧಾನವಲ್ಲ, ಅಪಾಯದ ಸೂಚನೆ.
• ಗಿಣ್ಣದ ಹಾಲು 1 ಗಂಟೆಯೊಳಗೆ.
• ತಂತಿಯ ಚೂರು ಕೊಟ್ಟಿಗೆಗೆ ಹೋಗದಿರಲಿ.